ಮಿಯಾಶಿತಾ ಅಜ್ಜಿಯ ಪಾಸೊ

ಜಪಾನಿನಿಂದ ಬಂದ ಮೇಲೆ ಕುರುಗೋಡಿನ ನಮ್ಮ ಹೈಸ್ಕೂಲಿನ ಸ್ಟಾಫ್‌ರೂಮಿನಲ್ಲಿ ಎಲ್ಲರೂ ಕೇಳಿದ್ದು ಒಂದೇ. “ಮೇಡಂ, ಟೋಕಿಯೊ ಹೆಂಗೈತ್ರಿ? ಬುಲೆಟ್ ಟ್ರೇನ್ ಹತ್ತಿದ್ರೇನು?” ಬುಲೆಟ್ ಟ್ರೇನ್ ಹತ್ತಿದ್ದೆ, ಹತ್ತಿದ ಕೂಡಲೇ ನಿದ್ದೆ ಹೋಗಿದ್ದೆ. ಟೋಕಿಯೊ ಎಂದರೆ ನನ್ನ ನೆನಪಿನಲ್ಲಿರುವುದು ಒಂದು ಪ್ಲಾಟ್‌ಫಾರಂನಿಂದ ಇನ್ನೊಂದಕ್ಕೆ ಪೆಟ್ಟಿಗೆ ಎಳೆದುಕೊಂಡು ಓಡಿದ್ದಷ್ಟೆ. ಮಿಕ್ಕ ಜಪಾನನ್ನು ನಾನು ನೋಡಿದ್ದು ಒಂದು ಸಣ್ಣ ಕಾರಿನ ಮುಂಗಾಜಿನೊಳಗಿಂದ.

ನಾನು ಹೋಗಿದ್ದು ಊರು ನೋಡಲು ಅಲ್ಲ. ನನ್ನ ತಂಗಿ ಸುಜಾತ ಅಲ್ಲಿನ ನಾಗಾನೊ ಪ್ರಾಂತ್ಯದ ಗುಡ್ಡಗಳ ನಡುವಿನ ಒಂದು ಸಣ್ಣ ಊರಿನಲ್ಲಿ, ವೃದ್ಧಾಶ್ರಮವೊಂದರಲ್ಲಿ ಮುದುಕರ ಆರೈಕೆಯ ಕೆಲಸ ಮಾಡುತ್ತಾಳೆ. ಚಳಿಗಾಲ ಮುಗಿಯುವ ಹೊತ್ತಿಗೆ ಮನೆಯ ಮುಂದಿನ ಹಿಮದ ಮೇಲೆ ಜಾರಿ ಬಿದ್ದು ಬಲಗಾಲಿನ ಹರಡಿನ ಮೂಳೆ ಮುರಿದುಕೊಂಡಳು. ಆಪರೇಷನ್ ಆಗಿ, ಸ್ಕ್ರೂ ಹಾಕಿ, ಪಟ್ಟಿ ಕಟ್ಟಿ ಮನೆಗೆ ಕಳಿಸಿದ್ದರು. ಅಷ್ಟರಲ್ಲಿ ನಮ್ಮ ಶಾಲೆಗೆ ಬೇಸಿಗೆ ರಜೆ ಬಂತು. ಬಳ್ಳಾರಿಯ ಮನೆಯಲ್ಲಿ ನನ್ನ ಜೊತೆಗಿರುವ ಅವ್ವ ಎರಡೇ ಮಾತು ಹೇಳಿದಳು.

“ಹೋಗಿ ನೋಡ್ಕೊ. ಬರೋ ಮುಂದ ಕರಕೊಂಡು ಬಾ. ಸಾಕು ಆ ದೇಶ.”

ಅವ್ವ ನಮ್ಮೂರು ರಾರಾವಿಯ ಗದ್ದೆಗಳಲ್ಲಿ ಆಯುಷ್ಯವಿಡೀ ಬಗ್ಗಿ ನಾಟಿ ಹಚ್ಚಿ ನಮ್ಮಿಬ್ಬರನ್ನು ಓದಿಸಿದವಳು. ಅವಳಿಗೆ ಇಲ್ಲ ಅನ್ನುವ ಅಭ್ಯಾಸ ನನಗಿಲ್ಲ. ಅವಳನ್ನು ನನ್ನ ಯಜಮಾನರಿಗೆ ಒಪ್ಪಿಸಿ, ಆರ್‌ಟಿಓ ಕಚೇರಿಯಲ್ಲಿ ಅಂತರರಾಷ್ಟ್ರೀಯ ಲೈಸೆನ್ಸ್ ಮಾಡಿಸಿಕೊಂಡು ಹೊರಟೆ. ಲೈಸೆನ್ಸ್ ತರಲು ಹೇಳಿದ್ದು ಸುಜಾತಳೇ. “ಅಕ್ಕ, ನೀ ಬಂದು ಅಡಗಿ ಮಾಡೋದು ಬ್ಯಾಡ. ಕಾರು ಹೊಡಿ ಸಾಕು” ಎಂದಿದ್ದಳು.

ಬಂದಿಳಿದ ದಿನ

ಸ್ಟೇಷನ್ನಿಗೆ ಅವಳು ಟ್ಯಾಕ್ಸಿಯಲ್ಲಿ ಬಂದು, ಎರಡು ಊರುಗೋಲುಗಳ ನಡುವೆ ತೂಗುತ್ತ ನಿಂತಿದ್ದಳು. ಅಪ್ಪಿಕೊಳ್ಳಲು ಹೋದರೆ ಇಬ್ಬರೂ ಬೀಳುವ ಹಾಗಾಯಿತು. ಮುಖ ಸಣ್ಣಗಾಗಿತ್ತು. ನನ್ನದೂ ಹಾಗೇ ಇತ್ತೆಂದು ಆಮೇಲೆ ಕನ್ನಡಿಯಲ್ಲಿ ಗೊತ್ತಾಯಿತು.

ಅವಳು ಇರುವುದು ಮಿಯಾಶಿತಾ ಎಂಬ ಅಜ್ಜಿಯ ಮನೆಯ ಹಿಂಭಾಗದ ಎರಡು ಕೋಣೆಗಳಲ್ಲಿ. ಅಜ್ಜಿಗೆ ಎಂಬತ್ತು ದಾಟಿದೆ, ಗಂಡ ಇಲ್ಲ, ಮಗ ದೂರದ ನಗೋಯಾದಲ್ಲಿದ್ದಾನೆ. ಮನೆಯ ಪಕ್ಕದಲ್ಲಿ, ತಗಡಿನ ಚಪ್ಪರದ ಕೆಳಗೆ, ಹಾಲಿನ ಕೆನೆಯ ಬಣ್ಣದ ಒಂದು ಸಣ್ಣ ಕಾರು ಬೆನ್ನನ್ನು ಗೋಡೆಗೆ ಹಚ್ಚಿ ನಿಂತಿತ್ತು. ಪಾಸೊ ಎಂದು ಅದರ ಹೆಸರು. ಮಾಡಿದ ಕಂಪನಿ ನಮಗೆಲ್ಲ ಗೊತ್ತಿರುವುದೇ, ಆದರೆ ಈ ಕಾರು ನಮ್ಮ ಕಡೆ ಎಲ್ಲೂ ಕಾಣಸಿಗದು. ಮನೆಮಂದಿಗೆಂದು ಎತ್ತಿಟ್ಟ ಉಪ್ಪಿನಕಾಯಿಯ ಹಾಗೆ ಅದನ್ನು ಅವರು ಹೆಚ್ಚುಕಡಿಮೆ ತಮ್ಮ ದೇಶದವರಿಗೇ ಇಟ್ಟುಕೊಂಡಿದ್ದಾರೆ. ದುಂಡನೆಯ ಮುಖ, ಸಣ್ಣ ಚಕ್ರ. ಒಳಗೆ ಮುಂದಿನ ಸೀಟು ಹಳೆಯ ಅಂಬಾಸಿಡರಿನಂತೆ ಈ ತುದಿಯಿಂದ ಆ ತುದಿಗೆ ಒಂದೇ.

“ಅಜ್ಜಿದಾ ಇದು. ಕಣ್ಣು ಮಂದಾದ್ವು ಅಂತ ಲೈಸೆನ್ಸ್ ವಾಪಸ್ ಕೊಟ್ಲು. ಕಾರು ನನ್ನ ಹೆಸರಿಗೆ ಮಾಡಿದ್ಲು” ಎಂದಳು ಸುಜಾತ.

ವಯಸ್ಸಾದವರು ತಾವಾಗಿಯೇ ಪೊಲೀಸ್ ಠಾಣೆಗೆ ಹೋಗಿ ಲೈಸೆನ್ಸ್ ಒಪ್ಪಿಸಿ ಬರುತ್ತಾರೆಂಬುದು ನನಗೆ ಹೊಸದು. ನಮ್ಮಲ್ಲಿ ಲೈಸೆನ್ಸ್ ಇಲ್ಲದವರೇ ಆರಾಮಾಗಿ ಓಡಿಸಿಕೊಂಡಿರುತ್ತಾರೆ.

ಅಜ್ಜಿ ಬಾಗಿಲಿಗೆ ಬಂದು ಸೊಂಟದಿಂದ ಬಗ್ಗಿದಳು. ನಾನೂ ಬಗ್ಗಿದೆ. ಅವಳು ಇನ್ನೊಮ್ಮೆ ಬಗ್ಗಿದಳು. ಮೂರು ವಿಮಾನ ನಿಲ್ದಾಣ ಹಾದು ಬಂದ ನನ್ನ ಬೆನ್ನು ಅಲ್ಲಿಗೆ ಸೋತಿತು. ಕೈ ಮುಗಿದು ಸುಮ್ಮನೆ ನಿಂತೆ.

ಆಸ್ಪತ್ರೆಯ ದಾರಿ

ಕಾಲಿನ ವ್ಯಾಯಾಮಕ್ಕೆಂದು ಸುಜಾತಳನ್ನು ಪಕ್ಕದ ಊರಿನ ಆಸ್ಪತ್ರೆಗೆ ಕರೆದೊಯ್ಯುವುದೇ ನನ್ನ ಕೆಲಸ. ಅಲ್ಲೂ ನಮ್ಮಂತೆಯೇ ರಸ್ತೆಯ ಎಡಕ್ಕೆ ಓಡಿಸುವುದು, ಸ್ಟೇರಿಂಗ್ ಬಲಕ್ಕೆ. ಬಳ್ಳಾರಿಯಿಂದ ಕುರುಗೋಡಿಗೆ ನಿತ್ಯ ಲಾರಿಗಳ ನಡುವೆ ಓಡಿಸುವವಳಿಗೆ ಇದೇನು ಮಹಾ ಎಂದುಕೊಂಡೆ. ಮೊದಲ ತಿರುವಿನಲ್ಲಿಯೇ ಇಂಡಿಕೇಟರ್ ಹಾಕಿದರೆ ಒಣ ಗಾಜಿನ ಮೇಲೆ ವೈಪರ್ ಕಿರ್ ಎಂದು ಓಡಾಡಿತು. ಅವರ ಕಾರಿನಲ್ಲಿ ಆ ಎರಡು ಕಡ್ಡಿಗಳು ಅದಲುಬದಲು. ಬಿಸಿಲಲ್ಲಿ ವೈಪರ್ ಹಾಕಿಕೊಂಡು, ಸಿಗ್ನಲ್ ಕೊಡದೆ ತಿರುಗಿದ ನನಗೆ ಹಿಂದಿನವರು ಒಂದು ಹಾರ್ನ್ ಸಹ ಹಾಕಲಿಲ್ಲ. ಬೈದಿದ್ದರೆ ಸಮಾಧಾನವಾಗುತ್ತಿತ್ತು.

“ಅದೇನ ಹಿಂದ, ಹೂವಿನಂಥಾ ಸ್ಟಿಕ್ಕರು?” ಎಂದು ಒಂದು ದಿನ ಕೇಳಿದೆ.

“ಎಪ್ಪತ್ತು ದಾಟಿದವ್ರು ಹೊಡಿಯಾಕತ್ತಾರ ಅನ್ನೋ ಗುರುತು. ಅಜ್ಜಿ ಹಚ್ಚಿದ್ದು. ನಾನು ತಗದಿಲ್ಲ. ಹಿಂದಿನವ್ರು ದೂರ ಇರ್ತಾರ.”

“ಅಂದ್ರ ಈ ಊರಾಗ ನನಗ ಎಪ್ಪತ್ತು!”

“ಹೊಡಿಯೋದು ನೋಡಿದ್ರ ಹಂಗ ಐತಿ” ಎಂದು ನಕ್ಕಳು. ಅವಳು ನಕ್ಕಿದ್ದನ್ನು ನಾನು ಬಂದ ಮೇಲೆ ಕಂಡಿದ್ದು ಅದೇ ಮೊದಲು.

ಅಲ್ಲಿ ರೈಲು ಬರಲಿ ಬಿಡಲಿ, ಗೇಟು ತೆರೆದೇ ಇರಲಿ, ಹಳಿಯ ಮುಂದೆ ಪೂರ್ತಿ ನಿಂತು, ಎರಡೂ ಕಡೆ ನೋಡಿ ಹೋಗಬೇಕು. ಪೆಟ್ರೋಲ್ ಬಂಕಿನವರು ನಾವು ಹೊರಟು ರಸ್ತೆಗೆ ಸೇರುವವರೆಗೂ ಟೋಪಿ ತೆಗೆದು ಬಗ್ಗಿ ನಿಂತಿರುತ್ತಾರೆ. ಕಾರನ್ನು ಎಲ್ಲಿ ನಿಲ್ಲಿಸಿದರೂ ಹಿಂದೆ ಹಿಂದೆ ತಂದು, ಬಿಳಿ ಗೆರೆಗಳ ನಡುವೆ, ಮೂತಿ ಹೊರಗೆ ಮಾಡಿ ನಿಲ್ಲಿಸಬೇಕು. ಮೊದಲ ದಿನ ಇದೆಲ್ಲ ಸೊಗಸು. ದಿನಾ ಮಾಡುವಾಗ ಕುತ್ತಿಗೆ ನೋಯುತ್ತದೆ. ಯಾರೂ ತಪ್ಪು ಮಾಡದ ಊರಿನಲ್ಲಿ ತಪ್ಪು ಮಾಡದೇ ಇರುವುದರಷ್ಟು ದಣಿಸುವ ಕೆಲಸ ಇನ್ನೊಂದಿಲ್ಲ. ನಮ್ಮ ರಸ್ತೆಗಳಲ್ಲಿ ಒಬ್ಬರ ತಪ್ಪು ಇನ್ನೊಬ್ಬರ ತಪ್ಪಿನೊಳಗೆ ಕರಗಿ ಹೋಗುತ್ತದೆ.

ರಸ್ತೆಯ ಎಡಬಲಕ್ಕೆ ಸಣ್ಣ ಸಣ್ಣ ಭತ್ತದ ಗದ್ದೆಗಳು. ಸಿರುಗುಪ್ಪದ ಕಡೆ ಕಣ್ಣು ಹರಿದಷ್ಟೂ ಗದ್ದೆ ನೋಡಿ ಬೆಳೆದ ನಮಗೆ ಅವು ಮನೆಯ ಹಿತ್ತಿಲಿನ ಹಾಗೆ ಕಂಡವು. ಒಬ್ಬ ಮುದುಕ ಒಂದು ಸಣ್ಣ ಯಂತ್ರದ ಮೇಲೆ ಕೂತು ನಾಟಿ ಹಚ್ಚುತ್ತಿದ್ದ. ಬಗ್ಗಿದ ಹೆಂಗಸರ ಸಾಲಿಲ್ಲ, ಹಾಡಿಲ್ಲ, ಬುತ್ತಿ ಹೊತ್ತು ತಂದವರಿಲ್ಲ. ಫೋಟೊ ತೆಗೆದು ಅವ್ವನಿಗೆ ಕಳಿಸಿದೆ. ಸಂಜೆ ಫೋನಿನಲ್ಲಿ ಅವಳು ಹೇಳಿದ್ದು, “ಸೊಂಟ ನೋಯಂಗಿಲ್ಲ ಬಿಡು ಅವರಿಗೆ. ಸುಜಾತಗ ಕೇಳಿದೇನು?”

ಕೇಳಿರಲಿಲ್ಲ. ಪ್ರತಿದಿನ ಕಾರು ಹತ್ತುವಾಗ ಇವತ್ತು ಕೇಳಬೇಕು ಎಂದುಕೊಳ್ಳುತ್ತಿದ್ದೆ. ವೈಪರ್, ಹಳಿ, ಬಿಳಿ ಗೆರೆ ಎಂದು ದಾರಿ ಮುಗಿದುಬಿಡುತ್ತಿತ್ತು.

ಅಜ್ಜಿಯ ಕೋಣೆ

ಮಿಯಾಶಿತಾ ಅಜ್ಜಿ ಪ್ರತಿ ಬೆಳಿಗ್ಗೆ ಒಂದು ಒದ್ದೆ ಬಟ್ಟೆ ತಂದು ಕಾರು ಒರೆಸುತ್ತಿದ್ದಳು. ನಾನು ಬಟ್ಟೆ ಕಸಿದುಕೊಳ್ಳಲು ಹೋದರೆ ಬಿಡುತ್ತಿರಲಿಲ್ಲ. ಆಸ್ಪತ್ರೆಯಿಂದ ನಾವು ಬರುವ ಹೊತ್ತಿಗೆ ಕಿಟಕಿಯಲ್ಲಿ ಕಾಯುತ್ತಿದ್ದಳು. ನಾನು ಹಿಂದೆ ತಂದು ನಿಲ್ಲಿಸುವಾಗ ಹೊರಗೆ ಬಂದು ಕೈ ತೋರಿಸುತ್ತಿದ್ದಳು. ಗೆರೆ ದಾಟಿದರೆ ಅವಳ ಮುಖ ಹುಳ್ಳಗಾಗುತ್ತಿತ್ತು.

ಒಂದು ಮಧ್ಯಾಹ್ನ ನಮ್ಮಿಬ್ಬರನ್ನೂ ಒಳಗೆ ಕರೆದು ಚಹಾ ಕೊಟ್ಟಳು. ಕೋಣೆಯ ಮೂಲೆಯಲ್ಲಿ ಕಪ್ಪು ಮರದ ಪುಟ್ಟ ಗೂಡು, ಒಳಗೆ ಬುದ್ಧ, ಕೆಳಗೆ ಅವಳ ಗಂಡನ ಫೋಟೊ. ನಮ್ಮ ಮನೆಯಲ್ಲೂ ಬುದ್ಧನಿದ್ದಾನೆ. ಅಪ್ಪನ ಕಾಲದಿಂದ ನಾವು ಬೌದ್ಧರು. ನಾನು ಮುಂದೆ ಕೂತು, ಮನೆಯಲ್ಲಿ ಹೇಳುವಂತೆ, ಬುದ್ಧಂ ಶರಣಂ ಗಚ್ಛಾಮಿ ಎಂದೆ. ಅಜ್ಜಿಗೆ ಪದ ತಿಳಿಯಲಿಲ್ಲ. ಆದರೆ ಮುಗಿಯುವವರೆಗೂ ಕೈ ಜೋಡಿಸಿ ಕೂತಳು. ಆಮೇಲೆ ಸುಜಾತಳಿಗೆ ಏನೋ ಹೇಳಿದಳು.

“ಏನಂತಾಳ?”

“ನಿಮ್ಮಕ್ಕ ಭಾಳ ದಣದಾಳ, ಯಾಕ ಮಲಗಂಗಿಲ್ಲ ಅಂತ ಕೇಳ್ತಾಳ.”

ನನ್ನ ಊರಿನಲ್ಲಿ ಯಾರೂ ನನ್ನನ್ನು ಅದನ್ನು ಕೇಳಿದ್ದಿಲ್ಲ.

ಜ್ವರದ ದಿನ

ಹಗಲು ಬಿಸಿಲು, ಸಂಜೆ ಕೊರೆಯುವ ಗಾಳಿ. ಬಳ್ಳಾರಿಯ ಸೆಕೆಗೆ ಹದವಾದ ಮೈ ಒಂದು ದಿನ ಮಲಗಿಯೇಬಿಟ್ಟಿತು. ಅಂದು ಸುಜಾತಳನ್ನು ಬೆಳಿಗ್ಗೆ ಆಶ್ರಮದ ವ್ಯಾನಿನವರು ಆಸ್ಪತ್ರೆಗೆ ಬಿಟ್ಟರು. ಮಧ್ಯಾಹ್ನ ನಾನು ಹೋಗಿ ಕರೆತರಬೇಕು. ಗುಳಿಗೆ ನುಂಗಿ, ಸ್ವಲ್ಪ ಹೊತ್ತು ಎಂದು ದಪ್ಪ ರಜಾಯಿಯೊಳಗೆ ಸೇರಿದೆ.

ಎಚ್ಚರವಾದದ್ದು ಒಂದು ದೊಡ್ಡ ದನಿಗೆ. ಊರಿನ ಕಂಬಗಳಿಗೆ ಕಟ್ಟಿದ ಧ್ವನಿವರ್ಧಕಗಳಲ್ಲಿ ಒಬ್ಬ ಹೆಂಗಸು ನಿಧಾನವಾಗಿ ಏನೋ ಹೇಳುತ್ತಿದ್ದಳು. ಗುಡ್ಡಕ್ಕೆ ಬಡಿದು ಅದೇ ಮಾತು ಮತ್ತೆ ಬರುತ್ತಿತ್ತು. ಮಿಯಾಶಿತಾ ಎಂಬ ಹೆಸರೊಂದೇ ತಿಳಿಯಿತು. ಭೂಕಂಪವೇ ಬಂತೇನೋ ಎಂದು ಹೊರಗೆ ಓಡಿದೆ. ಚಪ್ಪರ ಖಾಲಿ. ಅಜ್ಜಿಯ ಮನೆ ಬಾಗಿಲು ತೆರೆದಿತ್ತು, ಒಳಗೆ ಯಾರೂ ಇಲ್ಲ. ಕಾರಿನ ಕೀಲಿ ಮಾತ್ರ ನನ್ನ ಕೈಚೀಲದಲ್ಲೇ ಇತ್ತು. ಅದನ್ನು ಕೈಯಲ್ಲಿ ಹಿಡಿದುಕೊಂಡು, ಕಾರಿಲ್ಲದ ಜಾಗ ನೋಡುತ್ತ ನಿಂತೆ.

ಪಕ್ಕದ ಸೇಬಿನ ತೋಟದ ರೈತ ಬೇಲಿಯಾಚೆಯಿಂದ ಕೂಗಿದ. ಸ್ಟೇರಿಂಗ್ ತಿರುಗಿಸುವ ಹಾಗೆ ಕೈ ಮಾಡಿದ, ಅಜ್ಜಿಯ ಮನೆ ತೋರಿಸಿದ, ರಸ್ತೆ ತೋರಿಸಿದ. ಅವಳು ಕಾರು ತೆಗೆದುಕೊಂಡು ಹೋಗಿದ್ದನ್ನು ಅವನೇ ನೋಡಿ ಊರಿನ ಕಚೇರಿಗೆ ತಿಳಿಸಿದ್ದನಂತೆ. ಕಣ್ಣು ಮಂದಾದ, ಲೈಸೆನ್ಸ್ ಒಪ್ಪಿಸಿದ ಮುದುಕಿ ಕಾರಿನೊಂದಿಗೆ ಕಾಣೆಯಾಗಿದ್ದಾಳೆ, ಕಂಡವರು ತಿಳಿಸಿ ಎಂದು ಇಡೀ ಊರಿಗೆ ಸಾರುತ್ತಿದ್ದರೆಂದು ಆಮೇಲೆ ಗೊತ್ತಾಯಿತು.

ಆಗ ನನ್ನ ಕಣ್ಣ ಮುಂದೆ ಬಂದದ್ದು ಆ ರೈಲು ಹಳಿ.

ಫೋನು ನೋಡಿದೆ. ಸುಜಾತ ಎಷ್ಟೋ ಸಲ ಮಾಡಿದ್ದಳು, ನನಗೆ ಕೇಳಿರಲಿಲ್ಲ. ತಿರುಗಿ ಮಾಡಿದಾಗ ಅವಳ ದನಿ ಸಣ್ಣಗಿತ್ತು.

“ಅಕ್ಕ, ಅಜ್ಜಿ ಇಲ್ಲಿ ಅದಾಳ. ನನ್ನ ಬಾಜೂಕ ಕುಂತಾಳ. ಏನೂ ಆಗಿಲ್ಲ. ಪೊಲೀಸರಿಗೆ ನಾನ ಫೋನ್ ಮಾಡೀನಿ. ನೀ ಬಾ.”

ಆಸ್ಪತ್ರೆಯ ಅಂಗಳ

ರೈತ ತನ್ನ ಪುಟ್ಟ ಟ್ರಕ್ಕಿನಲ್ಲಿ ನನ್ನನ್ನು ಕರೆದೊಯ್ದ. ಕೆಂಪು ದೀಪಕ್ಕೆ ನಿಂತಾಗ ಒಂದು ಚಹಾದ ಡಬ್ಬಿ ನನ್ನ ಕೈಗಿತ್ತ.

ಆಸ್ಪತ್ರೆಯ ಅಂಗಳದಲ್ಲಿ ಪಾಸೊ ಎರಡು ಬಿಳಿ ಗೆರೆಗಳ ನಡುವೆ ಅಚ್ಚುಕಟ್ಟಾಗಿ ನಿಂತಿತ್ತು. ನಾನೊಮ್ಮೆಯೂ ಅಷ್ಟು ಚೆನ್ನಾಗಿ ನಿಲ್ಲಿಸಿರಲಿಲ್ಲ. ಹತ್ತಿರದ ಬೆಂಚಿನ ಮೇಲೆ ಅಜ್ಜಿ, ಸುಜಾತ, ಎದುರಿಗೆ ಒಬ್ಬ ಯುವಕ ಪೊಲೀಸು ಮೊಣಕಾಲೂರಿ ಕೂತು ಅಜ್ಜಿಯೊಡನೆ ಮಾತಾಡುತ್ತಿದ್ದ. ಅಜ್ಜಿಯ ಕಾಲಲ್ಲಿ ಮನೆಯೊಳಗೆ ಹಾಕುವ ಬಟ್ಟೆಯ ಚಪ್ಪಲಿ ಇತ್ತು. ಅದನ್ನು ನೋಡಿ ನನಗೆ ಅಳು ಬಂತು.

ಆಗಿದ್ದಿಷ್ಟು. ಕರೆತರುವ ಹೊತ್ತಾದರೂ ಕಾರು ಹೊರಡದ್ದನ್ನು ಅಜ್ಜಿ ಕಿಟಕಿಯಿಂದ ನೋಡಿದ್ದಾಳೆ. ನಮ್ಮ ಕೋಣೆಗೆ ಬಂದು ನನ್ನ ಹಣೆ ಮುಟ್ಟಿ ನೋಡಿದ್ದಾಳೆ. ಕಾರು ಕೊಡುವಾಗ ಕಳೆದುಹೋಗಿದೆ ಎಂದಿದ್ದ ಎರಡನೆಯ ಕೀಲಿ ಅವಳ ಬಳಿಯೇ ಇತ್ತು. ಅದನ್ನು ತೆಗೆದುಕೊಂಡು, ಹಳೆಯ ದಾರಿಯಲ್ಲಿ ನೇರವಾಗಿ ಬಂದು, ಆಸ್ಪತ್ರೆಯ ಬಾಗಿಲಲ್ಲಿ ಕಾಯುತ್ತಿದ್ದ ಸುಜಾತಳ ಮುಂದೆ ನಿಲ್ಲಿಸಿ, ಗಾಜು ಇಳಿಸಿ, ಹತ್ತು ಎಂದಿದ್ದಾಳೆ. ಸುಜಾತ ಹತ್ತಲಿಲ್ಲ. ಕಾರನ್ನು ಅಂಗಳದಲ್ಲಿ ನಿಲ್ಲಿಸಲು ಹೇಳಿ, ಕೀಲಿ ತೆಗೆಸಿ, ಅಜ್ಜಿಯ ಕೈ ಹಿಡಿದು ಬೆಂಚಿಗೆ ಕೂರಿಸಿದ್ದಾಳೆ.

ಪೊಲೀಸು ಸುಜಾತಳನ್ನು ಒಂದೇ ಪ್ರಶ್ನೆ ತಿರುಗಿಸಿ ತಿರುಗಿಸಿ ಕೇಳುತ್ತಿದ್ದ. ಕೀಲಿ ನೀನು ಕೊಟ್ಟೆಯಾ? ಲೈಸೆನ್ಸ್ ಇಲ್ಲದವರಿಗೆ ಕಾರು ಕೊಡುವುದು ಅಲ್ಲಿ ದೊಡ್ಡ ತಪ್ಪು. ಕಾರು ಅವಳ ಹೆಸರಿನಲ್ಲಿದೆ. ತಪ್ಪು ಎಂದಾದರೆ ಕೆಲಸ, ವೀಸಾ ಎರಡಕ್ಕೂ ಕುತ್ತು. ಇದನ್ನು ಅವಳು ನನಗೆ ಕನ್ನಡದಲ್ಲಿ ಹೇಳುವಾಗ ದನಿ ಏರಲಿಲ್ಲ, ಬೆರಳುಗಳು ಮಾತ್ರ ಊರುಗೋಲಿನ ರಬ್ಬರನ್ನು ಕೀಳುತ್ತಿದ್ದವು.

ನನಗೆ ಸಿಟ್ಟು ಬಂತು. “ಯಾಕ ಪೊಲೀಸರಿಗೆ ಫೋನ್ ಮಾಡಿದಿ ಲೇ? ಟ್ಯಾಕ್ಸಿ ಹಿಡಿದು ಇಬ್ರೂ ಮನಿಗೆ ಬಂದಿದ್ರ ಆಗ್ತಿತ್ತಲ್ಲ! ಕಾರ ನಾ ಬಂದು ಒಯ್ತಿದ್ದೆ.”

“ಊರೆಲ್ಲಾ ಆಕಿನ್ನ ಹುಡಕಾಕತ್ತೈತಿ ಅಂತ ಫೋನಿನಾಗ ಸುದ್ದಿ ಬಂದಿತ್ತಕ್ಕ. ಇಲ್ಲಿ ಬಾಜೂಕ ಕುಂತಾಳ ಅಂತ ಗೊತ್ತಿದ್ದೂ ಹೆಂಗ ಸುಮ್ಮನಿರಾಕ ಬರ್ತೈತಿ?”

ಅಷ್ಟರಲ್ಲಿ ಅಜ್ಜಿ ಎದ್ದು ನಿಂತಳು. ಪೊಲೀಸನಿಗೆ ಬಗ್ಗಿ ನಮಸ್ಕರಿಸಿ ಮಾತಾಡಿದಳು. ಸುಜಾತ ಮೆಲ್ಲಗೆ ಕನ್ನಡ ಮಾಡಿ ಹೇಳಿದಳು. “ಈ ಹುಡುಗಿಗೆ ಏನೂ ಗೊತ್ತಿಲ್ಲ. ಕೀಲಿ ಕಳದೈತಿ ಅಂತ ಸುಳ್ಳು ಹೇಳಿದಾಕಿ ನಾನು. ಬಿಟ್ಟು ಕೊಡಾಕ ಮನಸಾಗಲಿಲ್ಲ. ಆಕಿ ಅಕ್ಕಗ ಜ್ವರ ಬಂದಿತ್ತು. ಆಕಿ ಇಲ್ಲಿ ಒಂಟಿ ಕಾಲಿನ ಮ್ಯಾಲ ನಿಂತಿದ್ಲು. ಮತ್ಯಾರು ಬರಬೇಕಿತ್ತು?”

ಪೊಲೀಸು ಬರೆದುಕೊಂಡ. ಟೋಪಿ ಸರಿಮಾಡಿಕೊಂಡು ಹೋದ.

ಕಾಯುವ ದಿನಗಳು

ನನ್ನ ಜ್ವರ ಬಿಟ್ಟಿತು, ಆಯಾಸ ಬಿಡಲಿಲ್ಲ. ಠಾಣೆಗೆ ಒಮ್ಮೆ ಹೋದೆವು, ಮತ್ತೊಮ್ಮೆ ಹೋದೆವು. ಎರಡು ಸಲವೂ ಚಹಾ ಕೊಟ್ಟು, ಅದೇ ಪ್ರಶ್ನೆಗಳನ್ನು ಅದೇ ಮರ್ಯಾದೆಯಿಂದ ಕೇಳಿ ಕಳಿಸಿದರು. ಸುಜಾತ ರಾತ್ರಿ ಹೊರಳಾಡುತ್ತಿದ್ದಳು. ನಿಜ ಹೇಳುತ್ತೇನೆ, ಆ ದಿನಗಳಲ್ಲಿ ನನ್ನ ಮನಸ್ಸಿನಲ್ಲಿ ಒಂದು ಆಸೆ ಬಂದು ಹೋಗುತ್ತಿತ್ತು. ಇವರೇ ಹೋಗು ಎಂದುಬಿಟ್ಟರೆ ನಾನು ಕೇಳುವ ಕೆಲಸವೇ ತಪ್ಪುತ್ತದೆ, ಅವ್ವನ ಮಾತೂ ನಡೆಯುತ್ತದೆ. ಬೆಳಿಗ್ಗೆ ಅವಳ ಮುಖ ನೋಡಿದರೆ ಆ ಆಸೆ ಸುಟ್ಟುಹೋಗುತ್ತಿತ್ತು.

ಕೊನೆಗೆ ಒಂದು ಮಧ್ಯಾಹ್ನ ಆ ಯುವಕ ಪೊಲೀಸೇ ಬಾಗಿಲಿಗೆ ಬಂದ. ಸುಜಾತಳ ಮೇಲೆ ಯಾವ ತಪ್ಪೂ ಇಲ್ಲ ಎಂದು ಹೇಳಿದ. ಅಜ್ಜಿಯ ವಿಷಯ ಬೇರೆ, ಅದಕ್ಕೆ ಮಗ ಬರಬೇಕು ಎಂದ. ಅವನು ಹೋದ ಮೇಲೆ ಸುಜಾತ ಹೊಸ್ತಿಲ ಮೇಲೆ ಕೂತು ಗಟ್ಟಿಯಾಗಿ ಅತ್ತಳು. ನಾನು ಅವಳ ಬೆನ್ನ ಮೇಲೆ ಕೈಯಿಟ್ಟು ಕೂತೆ.

ನಗೋಯಾದಿಂದ ಮಗ ಬಂದ. ತಲೆ ನರೆತ, ಅವಸರದ ಮನುಷ್ಯ. ಸುಜಾತಳ ಮುಂದೆ ಚಾಪೆಗೆ ಹಣೆ ತಾಗುವಷ್ಟು ಬಗ್ಗಿದ, ಎರಡನೆಯ ಕೀಲಿಯನ್ನು ಎರಡೂ ಕೈಯಲ್ಲಿ ಹಿಡಿದು ಅವಳಿಗೆ ಕೊಟ್ಟ. ಆಮೇಲೆ ತಾಯಿಯ ಕಡೆ ತಿರುಗಿ ಮೆಲ್ಲಗೆ ಬಹಳ ಹೊತ್ತು ಮಾತಾಡಿದ. ಅವಳಿನ್ನು ಒಬ್ಬಳೇ ಇರುವುದು ಬೇಡ, ಸುಜಾತ ಕೆಲಸ ಮಾಡುವ ಆಶ್ರಮಕ್ಕೇ ಸೇರಲಿ ಎಂದು. ಅಜ್ಜಿ ಅವನ ಮುಖ ನೋಡಲಿಲ್ಲ. ಗಂಡನ ಫೋಟೊ ನೋಡಿದಳು, ತನ್ನ ಕೈ ನೋಡಿಕೊಂಡಳು. ಕಡೆಗೆ ಸುಜಾತಳ ಕಡೆ ತಿರುಗಿ ಒಂದು ಸಣ್ಣ ಪ್ರಶ್ನೆ ಕೇಳಿದಳು.

ಸುಜಾತ ನನ್ನ ಕಡೆ ಒಮ್ಮೆ ನೋಡಿ, “ಹೈ” ಎಂದಳು.

ನನಗೆ ತಿಳಿಯುವ ನಾಲ್ಕಾರು ಜಪಾನಿ ಪದಗಳಲ್ಲಿ ಅದೊಂದು. ಹೌದು ಎಂದು ಅರ್ಥ. ಅಜ್ಜಿ ಕೇಳಿದ್ದು ಏನೆಂದು ಆಮೇಲೆ ಕೇಳಿದೆ, ಕೇಳುವ ಮೊದಲೇ ಗೊತ್ತಿತ್ತು. ನೀನು ಅಲ್ಲಿ ಇರುತ್ತೀಯಲ್ಲವೆ ಎಂದು ಕೇಳಿದ್ದಳು.

ಸ್ಟೇಷನ್‌ವರೆಗೆ

ನಾನು ಹೊರಡುವ ಹೊತ್ತಿಗೆ ಸುಜಾತಳಿಗೆ ಓಡಿಸಬಹುದು ಎಂದು ಡಾಕ್ಟರು ಒಪ್ಪಿಗೆ ಕೊಟ್ಟಿದ್ದರು. ಮೊದಲ ಬಾರಿಗೆ ನಾನು ಎಡಗಡೆ ಕೂತೆ. ಆ ಉದ್ದನೆಯ ಸೀಟಿನಲ್ಲಿ ನಮ್ಮಿಬ್ಬರ ನಡುವೆ ಏನೂ ಇರಲಿಲ್ಲ, ಚಿಕ್ಕಂದಿನಲ್ಲಿ ಎತ್ತಿನ ಗಾಡಿಯ ಮುಂದಿನ ಮೂಕಿಯ ಮೇಲೆ ಒತ್ತಿ ಕೂತ ಹಾಗೆ. ಅವಳ ಬಲಗಾಲು ಬ್ರೇಕ್ ಮೇಲೆ ಸರಿದಾಗಲೆಲ್ಲ ನನ್ನ ಕಾಲೂ ಖಾಲಿ ನೆಲ ಒತ್ತುತ್ತಿತ್ತು.

“ಅಕ್ಕ, ಅಲ್ಲಿ ಬ್ರೇಕ್ ಇಲ್ಲ. ಸುಮ್ಮನ ಕುಂದ್ರು.”

“ನೋಯ್ತೈತೇನು?”

“ಸ್ವಲ್ಪ.”

ಸೇಬಿನ ಗಿಡಗಳು ಬಿಳಿ ಹೂ ಬಿಟ್ಟಿದ್ದವು. ಗದ್ದೆಗಳಲ್ಲಿ ನೀರು ತುಂಬಿ ಗುಡ್ಡದ ಹಿಮ ಅದರೊಳಗೆ ತಲೆಕೆಳಗಾಗಿ ಕಾಣುತ್ತಿತ್ತು. ನಾನು ಅವ್ವನ ಮಾತು ಎತ್ತಿದೆ. ಇನ್ನು ಎತ್ತದಿದ್ದರೆ ಯಾವಾಗ?

“ಅವ್ವ ನಿನ್ನ ಕರಕೊಂಡು ಬಾ ಅಂದಿದ್ಲು.”

“ಗೊತ್ತೈತಿ. ನೀ ಬಂದ ದಿನಾನ ಗೊತ್ತಾತು. ದಿನಾ ಕಾರು ಹತ್ತಿದ ಕೂಡ್ಲೆ ಬಾಯಿ ತೆರಿತಿದ್ದಿ, ಮುಚ್ಚತಿದ್ದಿ.” ರಸ್ತೆಯಿಂದ ಕಣ್ಣು ತೆಗೆಯದೆ ಹೇಳಿದಳು. “ನನಗೂ ಬ್ಯಾಸರಾಗೈತಕ್ಕ. ಭಾಷಾ ಸಾಕಾಗೈತಿ, ಚಳಿ ಸಾಕಾಗೈತಿ. ಅಲ್ಲಿಗೆ ಬಂದ್ರ ಅದೂ ಸಾಕಾಗ್ತೈತಿ. ಇಲ್ಲಿ ಮುಂಜಾನೆ ನಾ ಹೋದ್ರ ನಾಕು ಮಂದಿ ಮುಖ ತೊಳಕೊಳ್ತಾರ. ಅಷ್ಟು ಸಾಕನಸ್ತೈತಿ.”

ಹಳಿಯ ಮುಂದೆ ಕಾರು ಪೂರ್ತಿ ನಿಂತಿತು. ಅವಳು ಎಡಕ್ಕೆ ನೋಡಿದಳು, ಬಲಕ್ಕೆ ನೋಡಿದಳು. ನಾನೂ ನೋಡಿದೆ. ರೈಲು ಬರುತ್ತಿರಲಿಲ್ಲ. ದಾಟಿದೆವು.

ಬಳ್ಳಾರಿ

ಮೇ ತಿಂಗಳ ಬಳ್ಳಾರಿ. ರೈಲಿನಿಂದಿಳಿದರೆ ಕೋಟೆಯ ಗುಡ್ಡ ಬಿಸಿಲಿಗೆ ಕಾದು ಬಿಳಿಚಿಕೊಂಡು ನಿಂತಿತ್ತು. ಸ್ಟೇಷನ್ ಹೊರಗೆ ಆಟೋದವರು ಮೂರು ಭಾಷೆಗಳಲ್ಲಿ ಒಟ್ಟಿಗೆ ಕೂಗಿ ನನ್ನ ಪೆಟ್ಟಿಗೆ ಎಳೆದಾಡಿದರು. ಆ ಗದ್ದಲದಲ್ಲಿ ನನ್ನ ಹೆಗಲು ತಾನಾಗಿಯೇ ಸಡಿಲವಾಯಿತು.

ಅವ್ವ ಫ್ಯಾನಿನ ಕೆಳಗೆ ಮಂಚದ ಮೇಲೆ ಕೂತಿದ್ದಳು. ನನ್ನ ಹಿಂದೆ ಬಾಗಿಲಲ್ಲಿ ಬೇರೆ ಯಾರೂ ಇಲ್ಲ ಎಂಬುದನ್ನು ನೋಡಿದಳು. ನೋಡಿಯೂ ಕೇಳಿದಳು.

“ಬರಂಗಿಲ್ಲಂತೇನು?”

“ಇಲ್ಲವ್ವ. ಅಲ್ಲೇ ಇರ್ತಾಳಂತ.”

ಅಜ್ಜಿಯ ಕಥೆ, ಪೊಲೀಸರ ಕಥೆ, ಆ “ಹೈ” ಎಲ್ಲವನ್ನೂ ಹೇಳಬೇಕೆಂದು ವಿಮಾನದಲ್ಲಿ ಜೋಡಿಸಿಕೊಂಡು ಬಂದಿದ್ದೆ. ಅವ್ವ ಸೀರೆಯ ಸೆರಗನ್ನು ಮಡಿಲಲ್ಲಿ ಮಡಚಿದಳು, ಬಿಚ್ಚಿದಳು, ಮತ್ತೆ ಮಡಚಿದಳು.

“ಕಾಲು ಕೂಡೈತಿಲ್ಲ?”

“ಕೂಡೈತವ್ವ. ನನ್ನ ಸ್ಟೇಷನ್ನಿಗೆ ಆಕೀನ ಬಿಟ್ಲು, ಕಾರು ಹೊಡ್ಕೊಂಡು.”

“ಆಕೀನಾ?”

“ಹೂಂ, ಆಕೀನ.”

ಅವ್ವ ಮಂಚದ ಒಂದು ಬದಿಗೆ ಸರಿದು, ತನ್ನ ದಿಂಬನ್ನು ಕೈಯಿಂದ ತಟ್ಟಿ ಸರಿಮಾಡಿದಳು.

“ಬಾ, ನೀ ಒಂದೀಟು ಮಲಕ್ಕೊ. ಭಾಳ ದಣದಿ.”

ನಾನು ಪೆಟ್ಟಿಗೆಯನ್ನು ಅಲ್ಲೇ ಬಿಟ್ಟು ಮಲಗಿದೆ.